ಗೋವಾ ದರ್ಶನ: ಕಟ್ಟಿದವರ ಹೆಸರು ಎಲ್ಲಿ?



ವಾರ್ಷಿಕೋತ್ಸವದ ಸಂಚಿಕೆಗೆ ಏನಾದರೂ ಬರೆದುಕೊಡು ಎಂದು ಸಂಘದ ಅಣ್ಣಂದಿರು ಕೇಳಿದಾಗ ನಾನು ಹಿಂಜರಿದೆ. ಬಿ.ಎ.ಯಲ್ಲಿ ಇತಿಹಾಸ ನನ್ನ ವಿಷಯ ಹೌದು. ಆದರೆ ಪರೀಕ್ಷೆಗೆ ಬರೆಯುವುದು ಬೇರೆ, ನಿಮಗೆ ಬರೆಯುವುದು ಬೇರೆ. ಪರೀಕ್ಷೆಯಲ್ಲಿ ಇಸವಿ ತಪ್ಪಿದರೆ ಅರ್ಧ ಮಾರ್ಕು ಹೋಗುತ್ತದೆ. ಇಲ್ಲಿ ತಪ್ಪಿದರೆ ನೀರಿನ ನಲ್ಲಿ ಹತ್ತಿರ ನಿಂತಾಗ ನೀವೇ ಕೇಳ್ತೀರಿ! ಹಾಗಾಗಿ ಸರಿಯಾಗಿ ಗೊತ್ತಿರುವುದನ್ನೇ ಬರೆಯೋಣ ಎಂದುಕೊಂಡು, ಕಳೆದ ಡಿಸೆಂಬರ್ 19ರಂದು ನಾವೆಲ್ಲ ಹೋಗಿದ್ದ ಪ್ರವಾಸದ ನೆನಪು ಹಿಡಿದು ಕೂತೆ.

ಡಿಸೆಂಬರ್ 19 ಗೋವಾ ವಿಮೋಚನಾ ದಿನ. 1510ರಿಂದ 1961ರವರೆಗೆ, ಅಂದರೆ 451 ವರ್ಷ ಗೋವಾ ಪೋರ್ಚುಗೀಸರ ಕೈಯಲ್ಲಿತ್ತು. 1961ರ ಡಿಸೆಂಬರ್ 19ರಂದು ಭಾರತದ ಸೈನ್ಯ ಬಂದು ಬಿಡಿಸಿತು. ಈ ಸಲ ಆ ದಿನ ಶುಕ್ರವಾರ ಬಂದಿತ್ತು. ಕೆಲಸಕ್ಕೆ ರಜೆ, ಮೇಲಾಗಿ ಮಾಪ್ಸಾದ ಸಂತೆಯ ದಿನ. ಬೆಳಿಗ್ಗೆ ಏಳಕ್ಕೆ ವಾಸ್ಕೋದಿಂದ ಬಸ್ ಹೊರಟಿತು. ಒಬ್ಬ ಗೈಡ್ ಕೂಡ ಇದ್ದರು, ಹಿಂದಿ ಕೊಂಕಣಿ ಎರಡೂ ಬಲ್ಲ ಹಸನ್ಮುಖಿ ಹುಡುಗ.

ನಾಚಿಕೆ ಬಿಟ್ಟು ಹೇಳ್ತೀನಿ: ನಾನು ಹುಟ್ಟಿದ್ದು ವಾಸ್ಕೋದಲ್ಲೇ, ಆದರೂ ಅಲ್ಲಿಯವರೆಗೆ ಗೋವಾ ನೋಡಿರಲಿಲ್ಲ. ನಮ್ಮ ಮನೆಗಳಲ್ಲಿ ಗೋವಾ ಅಂದರೆ ಕೆಲಸ. ಅಪ್ಪನಿಗೆ ಅದು ಸೆಂಟ್ರಿಂಗ್, ಅವ್ವನಿಗೆ ನಾಲ್ಕು ಮನೆಯ ಪಾತ್ರೆ. ನೋಡಲಿಕ್ಕೆ ಬರುವವರು ಬೇರೆ, ದುಡಿಯಲಿಕ್ಕೆ ಬಂದವರು ಬೇರೆ. ಆ ಒಂದು ದಿನ ನಾವೂ ನೋಡಲಿಕ್ಕೆ ಹೋದೆವು.

ಮಸಾಲೆ ತೋಟ

ಬೋರಿ ಸೇತುವೆ ದಾಟಿ ಮೊದಲು ಹೋದದ್ದು ಫೋಂಡಾ ಕಡೆಯ ಒಂದು ಮಸಾಲೆ ತೋಟಕ್ಕೆ. ಅಡಿಕೆ ಮರ, ಮರಕ್ಕೆ ಹಬ್ಬಿದ ಮೆಣಸಿನ ಬಳ್ಳಿ, ನೆರಳಲ್ಲಿ ಏಲಕ್ಕಿ. ಗೈಡ್ ಒಂದೊಂದು ಎಲೆ ಹರಿದು ಮೂಸಲು ಕೊಟ್ಟರು. ಈ ಕರಿಮೆಣಸಿಗಾಗಿಯೇ ಪೋರ್ಚುಗೀಸರು ಸಮುದ್ರ ದಾಟಿ ಬಂದರು, ಹೋಗುವಾಗ ಮೆಣಸು ಒಯ್ದರು, ಬರುವಾಗ ಅಮೆರಿಕ ಖಂಡದ ಬೆಳೆಗಳನ್ನು ತಂದರು ಅಂದರು. ಗೇರು, ಅನಾನಸ್, ಒಣ ಮೆಣಸಿನಕಾಯಿ ಎಲ್ಲ ಹಾಗೆ ಬಂದವು. ನಮ್ಮ ರೊಟ್ಟಿಗೆ ಹಚ್ಚಿಕೊಳ್ಳುವ ಕೆಂಪು ಚಟ್ನಿಯ ಮೆಣಸಿನಕಾಯಿ ಐನೂರು ವರ್ಷದ ಹಿಂದೆ ನಮ್ಮ ದೇಶದಲ್ಲೇ ಇರಲಿಲ್ಲ ಅಂದರೆ ನಂಬಲು ಆಗುತ್ತದಾ? ಅದಕ್ಕೇ ನೋಡ್ರಿ, ಮೊದಲು ಇದ್ದ ಖಾರದ ಹೆಸರು ‘ಮೆಣಸು’, ಆಮೇಲೆ ಬಂದದ್ದಕ್ಕೆ ‘ಮೆಣಸಿನಕಾಯಿ’ ಎಂದು ಕರೆದುಕೊಂಡೆವು.

ಆಮೇಲೆ ತೋಟದ ಆಳೊಬ್ಬ ಅಡಿಕೆ ಮರ ಹತ್ತಿ, ತುದಿಯಲ್ಲಿ ಮರ ಬಾಗಿಸಿ, ಪಕ್ಕದ ಮರಕ್ಕೆ ಜಿಗಿದು ತೋರಿಸಿದ. ಎಲ್ಲರೂ ಚಪ್ಪಾಳೆ ತಟ್ಟಿದರು, ಮೊಬೈಲಿನಲ್ಲಿ ವಿಡಿಯೋ ಹಿಡಿದರು. ನಮ್ಮ ಜತೆ ಬಂದಿದ್ದ ಓಣಿಯ ಅಜ್ಜಿ ಮಾತ್ರ ಚಪ್ಪಾಳೆ ತಟ್ಟಲಿಲ್ಲ. ಆತ ಇಳಿದ ಮೇಲೆ ಹತ್ತಿರ ಹೋಗಿ ಕನ್ನಡದಲ್ಲೇ ಕೇಳಿದರು: “ದಿನಕ್ಕ ಎಷ್ಟ್ ಪಗಾರ ಕೊಡತಾರ ತಮ್ಮಾ?”

ಆತ ನಕ್ಕು ಕನ್ನಡದಲ್ಲೇ ಉತ್ತರ ಕೊಟ್ಟ. ಹಾವೇರಿ ಕಡೆಯವನಂತೆ.

ಬಸ್ಸಿನಲ್ಲಿ ಕೂತು ಈ ‘ಪಗಾರ’ದ ಬಗ್ಗೆ ಯೋಚಿಸಿದೆ. ಇದು ಪೋರ್ಚುಗೀಸ್ ಭಾಷೆಯಿಂದ ಬಂದ ಪದ. ಅವರಲ್ಲಿ ‘ಪಗಾರ್’ ಅಂದರೆ ಹಣ ಕೊಡು ಎಂದು ಅರ್ಥ. ಮೇಜು, ಚಾವಿ, ಬಟಾಟೆ, ಪಾದ್ರಿ ಕೂಡ ಅಲ್ಲಿಂದಲೇ ಬಂದವು. ಪೋರ್ಚುಗೀಸರ ಅರಮನೆಯ ಎಷ್ಟೋ ಮಾತು ಮರೆತುಹೋಗಿವೆ. ದುಡಿಯುವವರ ಬಾಯಲ್ಲಿ ಮಾತ್ರ ಪಗಾರ ಇನ್ನೂ ಉಳಿದಿದೆ.

ಅಜ್ಜಿಯ ಪ್ರಶ್ನೆ ನನ್ನ ತಲೆಯಲ್ಲಿ ಕೂತುಬಿಟ್ಟಿತು. ಆ ದಿನ ಮುಂದೆ ಎಲ್ಲಿ ಹೋದರೂ ಅದನ್ನೇ ಕೇಳಿಕೊಂಡೆ: ಇದನ್ನು ದುಡಿದು ಕಟ್ಟಿದವರು ಯಾರು? ಅವರಿಗೆ ಸಿಕ್ಕಿದ್ದೇನು? ಅವರ ಹೆಸರು ಎಲ್ಲಿ?

ಹಳೇ ಗೋವಾ

ಅಲ್ಲಿಂದ ಹಳೇ ಗೋವಾ. ಬೊಂ ಜೀಸಸ್ ಬೆಸಿಲಿಕಾ 1605ರಲ್ಲಿ ಮುಗಿದದ್ದು. ಸಂತ ಫ್ರಾನ್ಸಿಸ್ ಕ್ಸೇವಿಯರರ ದೇಹ ಇರುವುದು ಇಲ್ಲಿಯೇ. ಎದುರಿಗೆ ಸೇ ಕೆಥೆಡ್ರಲ್, 1562ರಲ್ಲಿ ಶುರುವಾಗಿ 1619ರಲ್ಲಿ ಮುಗಿಯಿತು. ಇಲ್ಲಿನ ಚರ್ಚುಗಳು 1986ರಿಂದ ಯುನೆಸ್ಕೋದ ವಿಶ್ವ ಪರಂಪರೆಯ ಪಟ್ಟಿಯಲ್ಲಿವೆ. ಬೆಸಿಲಿಕಾದ ಹೊರಗೋಡೆಗೆ ಗಿಲಾವು ಇಲ್ಲ, ಕೆಂಪು ಕಲ್ಲು ಹಾಗೇ ಕಾಣುತ್ತದೆ. ಅಪ್ಪ ಗೋಡೆಗೆ ಕೈಯಿಟ್ಟು ನೋಡಿ, “ಕಲ್ಲ ಕಡದಾಂವ ಚಲೋ ಕೆಲಸಗಾರ” ಅಂದ. ಸಂತರ ಹೆಸರು, ಪೋಪರ ಹೆಸರು, ವೈಸರಾಯರ ಹೆಸರು ಗೈಡ್ ಹೇಳಿದರು. ಕಲ್ಲು ಕಡಿದವರ ಹೆಸರು ಗೈಡಿಗೂ ಗೊತ್ತಿರಲಿಲ್ಲ, ನನ್ನ ಪಠ್ಯಪುಸ್ತಕದಲ್ಲೂ ಇಲ್ಲ.

ಸೇಂಟ್ ಕಜೆತಾನ್ ಚರ್ಚಿನ ಹತ್ತಿರ ಒಂದು ಕರಿಕಲ್ಲಿನ ಬಾಗಿಲು ಒಂಟಿಯಾಗಿ ನಿಂತಿದೆ. ಆದಿಲ್‌ಶಾಹನ ಅರಮನೆಯಲ್ಲಿ ಉಳಿದದ್ದು ಅಷ್ಟೇ. “ಬಿಜಾಪುರದ ಆದಿಲ್‌ಶಾಹ” ಎಂದು ಗೈಡ್ ಹೇಳುತ್ತಲೇ ಅಜ್ಜಿಗೆ ಖುಷಿ. “ನಮ್ಮ ಬಿಜಾಪುರದಾಂವನ?” ಅಂದರು. ಹೌದು ಅಜ್ಜಿ, ನಿಮ್ಮ ಬಿಜಾಪುರದವನೇ. ಆಲ್ಬುಕರ್ಕ್ 1510ರ ನವೆಂಬರ್ 25ರಂದು ಗೋವಾವನ್ನು ಗೆದ್ದುಕೊಂಡದ್ದು ಬಿಜಾಪುರದ ರಾಜ್ಯದಿಂದಲೇ. ಅದಕ್ಕೂ ಮೊದಲು ವಿಜಯನಗರ, ಬಹಮನಿ, ಅದಕ್ಕೂ ಹಿಂದೆ ಗೋವೆಯ ಕದಂಬರು ಇಲ್ಲಿ ಆಳಿದ್ದಾರೆ. ನಾವು ದಿನಾ ಹತ್ತುವ ‘ಕದಂಬ’ ಬಸ್ಸಿಗೆ ಹೆಸರು ಬಂದದ್ದು ಆ ರಾಜಮನೆತನದಿಂದ. ಇದನ್ನು ಹೇಳುವುದು ಯಾಕೆಂದರೆ, “ನೀವು ಘಾಟಿಗಳು, ಹೊರಗಿನವರು” ಎಂದು ಯಾರಾದರೂ ಅಂದಾಗ ನಾವು ತಲೆ ತಗ್ಗಿಸಬೇಕಾಗಿಲ್ಲ. ಘಟ್ಟದ ಮೇಲಿಗೂ ಕೆಳಗಿಗೂ ನಡುವೆ ಹಾದಿ ಯಾವಾಗಲೂ ಇತ್ತು. ಹಾಗಂತ ರಾಜರ ಹೆಸರು ಹೇಳಿ ಉಬ್ಬುವುದೂ ಬೇಡ. ಆ ರಾಜರು ನಮ್ಮವರನ್ನು ಪಲ್ಲಕ್ಕಿಯ ಒಳಗೆ ಕೂರಿಸಿರಲಿಲ್ಲ.

ಹಳೇ ಗೋವಾದಲ್ಲಿ ಗೈಡ್ ತೋರಿಸದ ಒಂದು ಜಾಗವಿದೆ. ಆ ಊರಿಗೆ ಒಂದು ನೇರ ಬೀದಿ ಇತ್ತು, ‘ರುವಾ ದಿರೈತಾ’ ಅಂತ. ಅದೇ ದೊಡ್ಡ ಪೇಟೆ. ಡಚ್ ದೇಶದ ಲಿನ್ಸ್‌ಖೋಟನ್ 1583ರಿಂದ 1588ರವರೆಗೆ ಗೋವಾದಲ್ಲಿದ್ದ, ಫ್ರಾನ್ಸಿನ ಪಿರಾರ್ 1608ರಲ್ಲಿ ಬಂದ. ಇಬ್ಬರೂ ಊರಿಗೆ ಮರಳಿ ಪುಸ್ತಕ ಬರೆದರು. ಆ ಬೀದಿಯಲ್ಲಿ ಕುದುರೆ, ಬಟ್ಟೆ, ಬಂಗಾರದ ಜತೆಗೆ ಮನುಷ್ಯರನ್ನೂ ಹರಾಜು ಹಾಕುತ್ತಿದ್ದರು ಎಂಬುದು ಆ ಪುಸ್ತಕಗಳಲ್ಲಿದೆ. ಆಫ್ರಿಕಾದ ಮೊಜಾಂಬಿಕ್ ಕಡೆಯಿಂದ, ನಮ್ಮ ದೇಶದ ಬೇರೆ ಬೇರೆ ಕಡೆಯಿಂದ ಹಿಡಿದು ತಂದ ಗಂಡಸರು, ಹೆಂಗಸರು, ಮಕ್ಕಳು. ಪೋರ್ಚುಗೀಸ್ ಸರ್ಕಾರ ತನ್ನ ವಸಾಹತುಗಳಲ್ಲಿ ಗುಲಾಮಗಿರಿ ರದ್ದು ಮಾಡಿದ್ದು 1869ರಲ್ಲಿ.

ಇದು ದೂರದ ಕಥೆ ಅಲ್ಲ. ಹಳಿಯಾಳ, ಯಲ್ಲಾಪುರದ ಕಾಡಿನಲ್ಲಿರುವ ಸಿದ್ದಿ ಜನರನ್ನು ನಿಮ್ಮಲ್ಲಿ ಎಷ್ಟೋ ಜನ ನೋಡಿದ್ದೀರಿ. ಆಫ್ರಿಕಾ ಮೂಲದ ಅವರ ಪೂರ್ವಜರಲ್ಲಿ ಅನೇಕರು ಗೋವಾದ ಒಡೆಯರಿಂದ ತಪ್ಪಿಸಿಕೊಂಡು ಘಟ್ಟ ಹತ್ತಿದವರು. ಉತ್ತರ ಕನ್ನಡದ ಸಿದ್ದಿಗಳಿಗೆ ಪರಿಶಿಷ್ಟ ಪಂಗಡದ ಸ್ಥಾನ ಸಿಕ್ಕಿದ್ದು 2003ರಲ್ಲಿ. ನಾವು ಕೆಲಸ ಹುಡುಕಿ ಘಟ್ಟ ಇಳಿದ ಹಾದಿಯನ್ನೇ ಅವರು ಬಿಡುಗಡೆ ಹುಡುಕಿ ಹತ್ತಿದ್ದರು.

ಇನ್ನೊಂದು ಮಾತು. ಮತ ಬದಲಾದರೆ ಜಾತಿ ಹೋಗುತ್ತದೆ ಎಂದು ನಾನು ಅಂದುಕೊಂಡಿದ್ದೆ. ಗೋವಾದ ಚರಿತ್ರೆ ಹಾಗೆ ಹೇಳುವುದಿಲ್ಲ. ಕ್ರೈಸ್ತರಾದ ಮೇಲೂ ಬಾಮಣ, ಚಾರ್ಡೊ, ಸುದಿರ್ ಎಂಬ ಭೇದ ಉಳಿಯಿತು. ಚರ್ಚಿನ ಸಂಘಗಳಲ್ಲೂ ಮೇಲಿನವರಿಗೆ ಬೇರೆ, ಕೆಳಗಿನವರಿಗೆ ಬೇರೆ ಇದ್ದವು. ಫೋಂಡಾ ಕಡೆಯ ದೊಡ್ಡ ದೇವಸ್ಥಾನಗಳಲ್ಲಿ ‘ಮಹಾಜನ’ರು ಎಂದರೆ ಮನೆತನದಿಂದ ಬಂದ ಹಕ್ಕು. ದೇವರ ಮನೆ ಯಾವುದಾದರೂ ಬಾಗಿಲ ಹತ್ತಿರ ಜಾತಿ ನಿಂತೇ ಇತ್ತು.

ಒಡ್ಡು ಹಾಕಿದವರು

ಹಳೇ ಗೋವಾದಿಂದ ಪಣಜಿಗೆ ಬರುವಾಗ ರಿಬಂದರ್ ದಾರಿಯಲ್ಲಿ ಬಸ್ ನಿಲ್ಲಿಸಿದರು. 1630ರ ದಶಕದಲ್ಲಿ ಕಟ್ಟಿದ ಸುಮಾರು ಮೂರು ಕಿಲೋಮೀಟರ್ ಉದ್ದದ ಕಲ್ಲಿನ ರಸ್ತೆ ಅದು. ಒಂದು ಕಡೆ ಮಾಂಡವಿ ನದಿ, ಇನ್ನೊಂದು ಕಡೆ ಉಪ್ಪಿನ ಗದ್ದೆ, ತಗ್ಗಿನ ಬಯಲು. ಇಂಥ ಬಯಲಿಗೆ ‘ಖಾಜನ್’ ಅಂತಾರೆ.

ಖಾಜನ್ ಅಂದರೆ ಸಮುದ್ರದಿಂದ ಕಸಿದುಕೊಂಡ ಭೂಮಿ. ಭರತದ ಹೊತ್ತಿಗೆ ಉಪ್ಪುನೀರು ನದಿಯೊಳಗೆ ನುಗ್ಗುತ್ತದೆ. ಅದು ಗದ್ದೆಗೆ ಬರದಂತೆ ಕೆಸರು, ಹುಲ್ಲು, ಕಲ್ಲು ಹಾಕಿ ಒಡ್ಡು ಕಟ್ಟುತ್ತಾರೆ. ಒಡ್ಡಿನಲ್ಲಿ ‘ಮಾನಸ್’ ಎಂಬ ತೂಬು ಇರುತ್ತದೆ. ಅದರ ಮರದ ಬಾಗಿಲನ್ನು ಯಾರೂ ಮುಚ್ಚಬೇಕಿಲ್ಲ: ನೀರು ಏರಿದಾಗ ಒತ್ತಡಕ್ಕೆ ತಾನೇ ಮುಚ್ಚಿಕೊಳ್ಳುತ್ತದೆ, ಇಳಿದಾಗ ತಾನೇ ತೆರೆದು ಒಳಗಿನ ನೀರನ್ನು ಹೊರಗೆ ಬಿಡುತ್ತದೆ. ಮಳೆಗಾಲದಲ್ಲಿ ಉಪ್ಪು ತಡೆಯುವ ‘ಕೊರ್ಗುಟ್’ ಭತ್ತ, ಆಮೇಲೆ ಮೀನು. ಗೋವಾದಲ್ಲಿ ಇಂಥ ಭೂಮಿ ಸುಮಾರು 18 ಸಾವಿರ ಹೆಕ್ಟೇರ್ ಎಂದು ಲೆಕ್ಕ. ನಮ್ಮ ಕುಮಟಾದ ಅಘನಾಶಿನಿ ನದಿಯ ಬಾಯಲ್ಲೂ ಇದೇ ಇದೆ. ಅಲ್ಲಿ ‘ಗಜನಿ’ ಅಂತಾರೆ, ಭತ್ತಕ್ಕೆ ‘ಕಗ್ಗ’ ಅಂತಾರೆ.

ಇದು ಎಷ್ಟು ಹಳೆಯದು ಗೊತ್ತಾ? ಫೋಂಡಾ ಹತ್ತಿರದ ಬಾಂದೋಡೆಯಲ್ಲಿ ಸಿಕ್ಕ ಒಂದು ತಾಮ್ರಪಟ ಸುಮಾರು 6ನೇ ಶತಮಾನದ್ದು. ಮೌರ್ಯ ಎಂದು ಕರೆದುಕೊಂಡ ಕೊಂಕಣದ ರಾಜ ಅನಿರ್ಜಿತವರ್ಮ ಭೂಮಿ ದಾನ ಕೊಟ್ಟ ಶಾಸನ. ಅದರಲ್ಲಿ ‘ಖಜ್ಜನ’ ಎಂಬ ಪದವೇ ಇದೆ. ದಾನ ಕೊಟ್ಟ ರಾಜನ ಹೆಸರಿದೆ, ದಾನ ಪಡೆದ ಬ್ರಾಹ್ಮಣನ ಹೆಸರಿದೆ. ಸೊಂಟದವರೆಗೆ ಕೆಸರಿನಲ್ಲಿ ನಿಂತು ಒಡ್ಡು ಹಾಕಿದವರ ಹೆಸರು ಇಲ್ಲ. ಸಾವಿರದ ನಾನೂರು ವರ್ಷದಿಂದ ಇಲ್ಲ.

ಒಡ್ಡು ಹಾಕುವ ಕೆಲಸ ಗಾವಡಾ, ಕುಣಬಿ ಮುಂತಾದ ದುಡಿಯುವ ಜನರದು. ಆದರೆ ಊರಿನ ಭೂಮಿ ‘ಗಾಂವಕಾರ’ರ ಕೈಯಲ್ಲಿ. ಊರಿನ ಮೂಲ ಮನೆತನಗಳ ಗಂಡಸರು ಸೇರಿ ಭೂಮಿ ನೋಡಿಕೊಳ್ಳುವ ಪದ್ಧತಿ ಅದು. 1526ರಲ್ಲಿ ಪೋರ್ಚುಗೀಸರು ಆ ಕಟ್ಟಳೆಗಳನ್ನು ಬರೆಸಿಟ್ಟರು, ಮುಂದೆ ಅದಕ್ಕೆ ‘ಕೊಮುನಿದಾದ್’ ಎಂದು ಹೆಸರಾಯಿತು. ಎಷ್ಟೋ ಪುಸ್ತಕಗಳು ಇದನ್ನು ಹಳ್ಳಿಯ ಪ್ರಜಾಪ್ರಭುತ್ವ ಎಂದು ಹೊಗಳುತ್ತವೆ. ಕೂಡಿ ಬೇಸಾಯ ಮಾಡುವುದು ಒಳ್ಳೆಯದೇ. ಆದರೆ ಆ ಪ್ರಜಾಪ್ರಭುತ್ವದಲ್ಲಿ ಕೂಲಿಯವನಿಗೂ ಹೆಂಗಸಿಗೂ ಕೂರಲು ಚಾಪೆ ಇರಲಿಲ್ಲ.

ಇದನ್ನು ನಾನು ಗೈಡಿಗೆ ಕೇಳಿಯೇಬಿಟ್ಟೆ: “ಭಯ್ಯಾ, ಒಡ್ಡು ಹಾಕಿದವರು ಯಾರು?” ಅಷ್ಟೊತ್ತು ಬಾಯಿಪಾಠ ಒಪ್ಪಿಸುವ ಹಾಗೆ ಮಾತಾಡುತ್ತಿದ್ದ ಆ ಹುಡುಗ ಒಂದು ಗಳಿಗೆ ಸುಮ್ಮನಾದರು. ಆಮೇಲೆ ಮೆಲ್ಲಗೆ ಹೇಳಿದರು: “ನನ್ನ ಅಜ್ಜ ಹಾಕಿದ್ದಾರೆ. ನಾವು ಮುಂಡ್ಕಾರರು.”

ಮುಂಡ್ಕಾರ ಎಂದರೆ ‘ಭಾಟ್ಕಾರ’ನ, ಅಂದರೆ ಜಮೀನ್ದಾರನ ತೋಟದಲ್ಲಿ ಒಂದು ಗುಡಿಸಲು ಹಾಕಿಕೊಂಡು ಇರುವವನು. ಇರಲು ಜಾಗ ಕೊಟ್ಟದ್ದಕ್ಕೆ ತೋಟ ಕಾಯಬೇಕು, ಕರೆದಾಗ ಬಿಟ್ಟಿ ದುಡಿಯಬೇಕು. ಎದುರು ಮಾತಾಡಿದರೆ ಮನೆ ಹೋಯಿತು. ಗೋವಾ ಬಿಡುಗಡೆಯಾದ ಮೇಲೆ 1964ರಲ್ಲಿ ಗೇಣಿ ಕಾಯ್ದೆ ಬಂತು, 1975ರಲ್ಲಿ ಮುಂಡ್ಕಾರ ಕಾಯ್ದೆ, 1976ರಲ್ಲಿ ಉಳುವವನಿಗೇ ಭೂಮಿ ಎಂಬ ತಿದ್ದುಪಡಿ. ನಮ್ಮ ಕರ್ನಾಟಕದಲ್ಲಿ ದೇವರಾಜ ಅರಸರು 1974ರಲ್ಲಿ ತಂದದ್ದೂ ಇದನ್ನೇ. ಗಾವಡಾ, ಕುಣಬಿ, ವೇಳಿಪರಿಗೆ ಪರಿಶಿಷ್ಟ ಪಂಗಡದ ಸ್ಥಾನ ಸಿಕ್ಕಿದ್ದು ಸಿದ್ದಿಗಳಿಗೆ ಸಿಕ್ಕ 2003ರಲ್ಲೇ.

ದಿನಾ ಆ ದಾರಿಯಲ್ಲಿ ಜನರನ್ನು ಕರೆದೊಯ್ಯುವ ಹುಡುಗ ತನ್ನ ಅಜ್ಜನ ಮಾತು ಹೇಳುತ್ತಿರಲಿಲ್ಲ. ಯಾಕೆಂದರೆ ಯಾರೂ ಕೇಳಿರಲಿಲ್ಲ.

ಮಾಪ್ಸಾ ಸಂತೆ

ಪಣಜಿಯಲ್ಲಿ ಮಾಂಡವಿ ಸೇತುವೆ ದಾಟಿ ಮಾಪ್ಸಾ ತಲುಪಿದಾಗ ಮಧ್ಯಾಹ್ನ. ಕ್ರಿಸ್ಮಸ್ ಹತ್ತಿರ ಬಂದದ್ದರಿಂದ ಕಾಲಿಡಲು ಜಾಗವಿಲ್ಲ. ಒಣ ಮೀನು, ಚೊರಿಸ್, ತೆಂಗಿನ ಬೆಲ್ಲ, ಮಣ್ಣಿನ ಗಡಿಗೆ, ಹೂವಿನ ಸಸಿ. ತರಕಾರಿ ಹೆಚ್ಚಿನದು ಬೆಳಗಾವಿಯಿಂದ ಬಂದದ್ದು. ಬಾಳೆಹಣ್ಣಿನ ಸಾಲಿನಲ್ಲಿ ಕೊಂಕಣಿ, ಬಟ್ಟೆಯ ಸಾಲಿನಲ್ಲಿ ಹಿಂದಿ, ಮೂಟೆ ಹೊರುವಲ್ಲಿ ಕನ್ನಡ.

ಒಂದು ಮೂಲೆಯಲ್ಲಿ ಬಿದಿರಿನ ಬುಟ್ಟಿ, ಮೊರ, ಚಾಪೆ ಇಟ್ಟುಕೊಂಡು ಒಬ್ಬ ಬಾಯಿ ಕೂತಿದ್ದರು. ನಮ್ಮ ಕಡೆ ಬಿದಿರಿನ ಕೆಲಸ ಮೇದಾರರದು. ಗೋವಾದಲ್ಲಿ ಅದು ಮಹಾರರ ಕುಲಕಸುಬು. ಬಾಬಾಸಾಹೇಬರ ಜಾತಿ ಎಂದು ನಮ್ಮ ಹುಡುಗರಿಗೆ ಗೊತ್ತಾಗುತ್ತಲೇ ಸುತ್ತ ಕೂತುಬಿಟ್ಟರು. ಅವ್ವ ಎರಡು ಮೊರ ಕೊಂಡರು, ಚೌಕಾಸಿ ಮಾಡಲಿಲ್ಲ.

ಇಲ್ಲಿ ನಿಮಗೆ ಒಂದು ವಿಷಯ ಹೇಳಲೇಬೇಕು. 1968ರಲ್ಲಿ ಗೋವಾಕ್ಕೆ ಪರಿಶಿಷ್ಟ ಜಾತಿಗಳ ಪಟ್ಟಿ ಬಂತು. ಅದರಲ್ಲಿರುವುದು ಐದೇ ಹೆಸರು: ಭಂಗಿ, ಚಂಭಾರ, ಮಹಾರ, ಮಹ್ಯಾವಂಶಿ, ಮಾಂಗ. ಹೊಲೆಯ, ಮಾದಿಗ ಎಂಬ ಹೆಸರು ಅದರಲ್ಲಿಲ್ಲ. ಪಟ್ಟಿ ರಾಜ್ಯಕ್ಕೊಂದು, ಒಂದು ರಾಜ್ಯದ ಸವಲತ್ತು ವಲಸೆ ಹೋದವರ ಜತೆ ಇನ್ನೊಂದು ರಾಜ್ಯಕ್ಕೆ ಬರುವುದಿಲ್ಲ ಎಂದು ಸುಪ್ರೀಂ ಕೋರ್ಟ್ 1990ರಲ್ಲಿ ಹೇಳಿತು. ನಾನು ಕಾಲೇಜಿಗೆ ಸೇರುವಾಗ ಅಪ್ಪ ಎರಡು ದಿನದ ಪಗಾರ ಬಿಟ್ಟು ಊರಿಗೆ ಹೋಗಿ ಜಾತಿ ಪ್ರಮಾಣಪತ್ರ ತಂದ. ಅದು ಇಲ್ಲಿ ನಡೆಯಲಿಲ್ಲ. ಊರಲ್ಲಿ ಕೆರೆಗೆ ಇಳಿಯಬೇಡ ಎಂದ ಜಾತಿ, ಬಾಡಿಗೆ ಮನೆ ಕೇಳಿದಾಗ ಗೋವಾದಲ್ಲೂ ಹಿಂದೆ ಬರುತ್ತದೆ. ಸವಲತ್ತಿನ ಕಾಗದ ಮಾತ್ರ ಕ್ಯಾಸಲ್‌ರಾಕ್‌ನಲ್ಲೇ ಇಳಿದುಬಿಡುತ್ತದೆ.

ಅಂದೇ ನನಗೆ ಗೊತ್ತಾದದ್ದು, ಕಾಗದದಲ್ಲಿ ಹೆಸರು ಇರುವುದಕ್ಕೂ ಇಲ್ಲದಿರುವುದಕ್ಕೂ ಎಷ್ಟು ವ್ಯತ್ಯಾಸ ಎಂದು. ತಾಮ್ರಪಟದ ಕಾಲಕ್ಕೂ ಅಷ್ಟೇ, ನಮ್ಮ ಕಾಲಕ್ಕೂ ಅಷ್ಟೇ.

ಅಜ್ಜಿಯ ಸೇತುವೆ

ಸಂಜೆ ಜುವಾರಿ ನದಿಯ ಹೊಸ ಸೇತುವೆಯ ಮೇಲೆ ಬಂದೆವು. 2022ರ ಕೊನೆಗೆ ತೆರೆದ ಸೇತುವೆ, ಎತ್ತರದ ಕಂಬ, ಹಗ್ಗದಂಥ ತಂತಿಗಳು, ದೀಪ. ಹುಡುಗರು ಸೆಲ್ಫಿಗೆ ಎದ್ದರು. ಗೈಡ್ ಕೊನೆಯ ಭಾಷಣ ಮಾಡುತ್ತಿದ್ದರು. ಅಜ್ಜಿ ಮಾತ್ರ ಪಕ್ಕದ ಹಳೇ ಸೇತುವೆಯನ್ನು ಕಿಟಕಿಯಿಂದ ನೋಡುತ್ತಾ ಅಂದರು: “ಅದಕ್ಕ ನಾ ಬುಟ್ಟಿ ಹೊತ್ತೀನವ್ವಾ. ಹೊಟ್ಯಾಗ ನಿಮ್ಮ ಮಾವ ಇದ್ದ.”

ಹಳೇ ಸೇತುವೆ ತೆರೆದದ್ದು 1983ರಲ್ಲಿ. ಅಜ್ಜಿ ಮುದ್ದೇಬಿಹಾಳ ಕಡೆಯಿಂದ 1972ರ ಬರದಲ್ಲಿ ಬಂದವರು. ನಲವತ್ತು ವರ್ಷಕ್ಕೂ ಹೆಚ್ಚು ಕಾಲ ಅದರ ಮೇಲೆ ಓಡಾಡಿದ ನಮಗೆ ಯಾರಿಗೂ ಅದು ಗೊತ್ತಿರಲಿಲ್ಲ. ಗೈಡ್ ಮೈಕ್ ಕೆಳಗಿಟ್ಟು ಬಂದು ಅಜ್ಜಿಯ ಕಾಲು ಮುಟ್ಟಿದರು. ಬಸ್ಸಿನಲ್ಲಿ ಯಾರೂ ಮಾತಾಡಲಿಲ್ಲ.

ಈಗ ಯೋಚಿಸಿ. 1880ರ ದಶಕದಲ್ಲಿ ಮುರಗಾಂವ ಬಂದರಿನಿಂದ ಘಟ್ಟದ ಮೇಲಕ್ಕೆ ರೈಲು ಹಾದಿ ಹಾಕಿದರು. 1961ರ ಆಮೇಲೆ ಬಂದರು ಬೆಳೆಯಿತು, ಅದಿರು ಸಾಗಿತು, ರಸ್ತೆ, ಕಾರ್ಖಾನೆ, ಹೋಟೆಲು ಎದ್ದವು. ವಿಜಯಪುರ, ಬಾಗಲಕೋಟೆ, ಗದಗ, ಕೊಪ್ಪಳ, ರಾಯಚೂರಿನಿಂದ ನಮ್ಮ ಹಿರಿಯರು ಬಂದು ಮಣ್ಣು ಹೊತ್ತರು. ಇದೆಲ್ಲ ಎಲ್ಲಿ ಬರೆದಿದೆ? ಪತ್ರಿಕೆಯಲ್ಲಿ ನಮ್ಮ ಹೆಸರು ದೊಡ್ಡದಾಗಿ ಬಂದದ್ದು 2004ರ ಜೂನ್‌ನಲ್ಲಿ, ಬೈನಾ ಕಡಲ ದಂಡೆಯ ಮನೆಗಳನ್ನು ಮಳೆಗಾಲದಲ್ಲಿ ನೆಲಸಮ ಮಾಡಿದಾಗ. ಆಗಲೂ ಬರೆದದ್ದು ‘ಕೆಟ್ಟ ಜಾಗ ತೆಗೆದರು’ ಎಂದು. ಅಲ್ಲಿ ಕೂಲಿ ಮಾಡುವವರ ಸಂಸಾರಗಳೂ ಇದ್ದವು, ಶಾಲೆಗೆ ಹೋಗುವ ಮಕ್ಕಳೂ ಇದ್ದರು ಎಂಬುದನ್ನು ಎಷ್ಟು ಜನ ನೆನಪಿಟ್ಟುಕೊಂಡಿದ್ದಾರೆ?

ಬಾಬಾಸಾಹೇಬರು 1948ರಲ್ಲಿ ‘ದಿ ಅನ್‌ಟಚಬಲ್ಸ್’ ಎಂಬ ಪುಸ್ತಕ ಪ್ರಕಟಿಸಿದರು. ಅಸ್ಪೃಶ್ಯರು ಯಾರು, ಅವರು ಹೇಗೆ ಅಸ್ಪೃಶ್ಯರಾದರು ಎಂದು ಹುಡುಕಿದ ಪುಸ್ತಕ. ಕಾನೂನು ಮಂತ್ರಿಯಾಗಿ, ಸಂವಿಧಾನದ ಕೆಲಸದ ನಡುವೆಯೂ ಅವರು ನಮ್ಮ ಇತಿಹಾಸ ಹುಡುಕಲು ಸಮಯ ಮಾಡಿಕೊಂಡರು. ನಮಗೆ ಭಾನುವಾರ ಒಂದು ಗಂಟೆ ಸಿಗುವುದಿಲ್ಲವೇ?

ಅದಕ್ಕೇ ಸಂಘದ ಗೆಳೆಯರಿಗೆ ನನ್ನ ಒಂದು ಕೋರಿಕೆ. ಮುಂದಿನ ವಾರ್ಷಿಕೋತ್ಸವದ ಒಳಗೆ ನಮ್ಮ ಓಣಿಯ ಪ್ರತಿ ಮನೆಯ ಹಿರಿಯರ ಹತ್ತಿರ ಕೂತು ನಾಲ್ಕೇ ಪ್ರಶ್ನೆ ಕೇಳೋಣ: ಯಾವ ಊರಿನಿಂದ ಬಂದಿರಿ? ಯಾವ ವರ್ಷ, ಯಾಕೆ ಬಂದಿರಿ? ಇಲ್ಲಿ ಏನೇನು ಕಟ್ಟಿದಿರಿ? ಮೊದಲ ಪಗಾರ ಎಷ್ಟು? ಒಂದು ನೂರು ಪುಟದ ನೋಟ್‌ಬುಕ್ ಸಾಕು. ಜತೆಗೆ ಹಳೇ ರೇಷನ್ ಕಾರ್ಡು, ಶಾಲೆಯ ದಾಖಲೆ, ಮತದಾರರ ಚೀಟಿ, ಗುತ್ತಿಗೆದಾರ ಕೊಟ್ಟ ಪಾಸು, ಏನಿದ್ದರೂ ಎಸೆಯಬೇಡಿ. ಮೊಬೈಲಿನಲ್ಲಿ ಫೋಟೋ ತೆಗೆದಿಡೋಣ. ನಾಳೆ ಯಾರಾದರೂ “ನೀವು ಯಾವಾಗ ಬಂದವರು?” ಎಂದು ಕೇಳಿದರೆ ಬಾಯಿ ಮಾತಿಗಿಂತ ಅದು ಗಟ್ಟಿ. ಪಟ್ಟಿಯ ವಿಷಯವಾಗಿ ಸರ್ಕಾರದ ಮುಂದೆ ಮನವಿ ಕೊಡುವುದಾದರೂ ಇದೇ ಆಧಾರ.

ನೋಟ್‌ಬುಕ್ ನಾನು ಕೊಂಡಿದ್ದೇನೆ. ಮೊದಲ ಪುಟದಲ್ಲಿ ಅಜ್ಜಿಯ ಹೆಸರು, ಊರು, 1972, ಜುವಾರಿ ಸೇತುವೆ ಎಂದು ಬರೆದಿದ್ದೇನೆ. ಮೊದಲ ಪಗಾರ ಕೇಳಿದಾಗ ಅಜ್ಜಿ, “ದಿನಕ್ಕ ಎರಡು ರೂಪಾಯಿ, ಗಂಡಸರಿಗೆ ಮೂರು” ಅಂದರು. ಅದನ್ನೂ ಬರೆದಿದ್ದೇನೆ. ಎರಡನೆಯ ಪುಟ ಖಾಲಿ ಇದೆ. ಈ ಭಾನುವಾರ ಯಾರ ಮನೆಗೆ ಬರಲಿ, ಹೇಳಿ.

ಜೈ ಭೀಮ್.